ಕುರ್ಟ್ ಗೆರಾನ್ ಬಗ್ಗೆ ಹಾಗೆಲ್ಲ ಬರೆಯಬೇಡಿ

ನಿನ್ನೆ ರಾತ್ರಿಯಿಂದ ಸಿಟ್ಟು ಇಳಿದಿಲ್ಲ. ಸಿನಿಮಾ ಗೆಳೆಯರ ಗುಂಪಿನಲ್ಲಿ ಯಾರೋ ಜರ್ಮನ್ ನಟ ಕುರ್ಟ್ ಗೆರಾನ್ ಅವರ ಹಳೇ ಫೋಟೊ ಹಾಕಿದ್ದರು. ಕೆಳಗೆ ಒಬ್ಬರ ಕಾಮೆಂಟು: "ನಾಜಿಗಳಿಗೆ ಸಿನಿಮಾ ಮಾಡಿಕೊಟ್ಟವನು ತಾನೇ?" ಅದಕ್ಕೆ ರಾಶಿ ಲೈಕು.

ಹಳೇ ಜರ್ಮನ್ ಸಿನಿಮಾ ಅಂದರೆ ನಾನು ಊಟ ನಿದ್ದೆ ಬಿಟ್ಟು ಕೂರುವವನು ಅಂತ ನಿಮಗೆಲ್ಲ ಗೊತ್ತು. 1930ರ 'ದಿ ಬ್ಲೂ ಏಂಜೆಲ್' ನೋಡಿದವರೆಲ್ಲ ಮರ್ಲೀನ್ ಡೀಟ್ರಿಚ್ ಬಗ್ಗೆಯೇ ಮಾತಾಡುತ್ತಾರೆ. ಸಹಜವೇ ಬಿಡಿ. ಆದರೆ ಅದರಲ್ಲಿ ಗೆರಾನ್ ಮಾಡಿದ ಪಾತ್ರ, ಊರೂರು ಸುತ್ತುವ ಮನರಂಜನೆ ತಂಡದ ಯಜಮಾನ, ಜಾದೂಗಾರ ಕೀಪರ್ಟ್‌ನನ್ನು ಒಮ್ಮೆ ಗಮನಿಸಿ. ತಂಡ ಸೇರಿ ಕೋಡಂಗಿ ವೇಷದಲ್ಲಿ ನಿಂತ ಕಥಾನಾಯಕ ಮೇಷ್ಟ್ರ ಮೂಗಿನಿಂದ ಮೊಟ್ಟೆ ತೆಗೆಯುತ್ತಾನೆ. ಅದನ್ನು ಅವರ ತಲೆಗೇ ಕುಟ್ಟಿ ಒಡೆಯುತ್ತಾನೆ. ಕೋಳಿ ಥರ ಕೂಗು ಅಂತ ಪೀಡಿಸುತ್ತಾನೆ. ಪ್ರೇಕ್ಷಕರ ಕಡೆಗೆ ನಗು, ಮೇಷ್ಟ್ರ ಕಡೆಗೆ ಗದರಿಕೆ. ಎಂಥಾ ನಟ!

ಗೆರಾನ್ ಬರ್ಲಿನ್‌ನ ಯಹೂದಿ ಮನೆತನದಲ್ಲಿ ಹುಟ್ಟಿದ್ದು 1897ರಲ್ಲಿ. ಓದಿದ್ದು ವೈದ್ಯಕೀಯ. ಮೊದಲ ಮಹಾಯುದ್ಧದಲ್ಲಿ ಗಾಯಗೊಂಡು, ಆಮೇಲೆ ರಂಗಭೂಮಿಗೆ ಬಂದರು. 1928ರಲ್ಲಿ ಬ್ರೆಕ್ಟ್‌ನ ಸಂಗೀತ ನಾಟಕ 'ಥ್ರೀಪೆನ್ನಿ ಒಪೆರಾ'ದ ಮೊದಲ ಪ್ರದರ್ಶನದಲ್ಲಿ ಇಡೀ ಜಗತ್ತು ಆಮೇಲೆ ಗುನುಗಿದ ಆ 'ಮ್ಯಾಕ್ ದ ನೈಫ್' ಹಾಡನ್ನು ಹಾಡಿದ್ದು ಇವರೇ. ನಿರ್ದೇಶಕರೂ ಆದರು. 1933ರ ವಸಂತದಲ್ಲಿ, ಯಹೂದಿ ಅನ್ನುವ ಒಂದೇ ಕಾರಣಕ್ಕೆ ಅವರನ್ನು ಶೂಟಿಂಗ್ ನಡುವೆಯೇ ಹೊರಗಟ್ಟಿದರು. ಪ್ಯಾರಿಸ್, ವಿಯೆನ್ನಾ, ಕೊನೆಗೆ ಆಮ್‌ಸ್ಟರ್‌ಡ್ಯಾಮ್. 1940ರಲ್ಲಿ ನಾಜಿಗಳು ಯಹೂದಿಗಳ ವಿರುದ್ಧ ಒಂದು ಪ್ರಚಾರದ ಚಿತ್ರ ತೆಗೆದರಲ್ಲ, ಅದರಲ್ಲಿ ದ್ವೇಷ ಹುಟ್ಟಿಸೋಕೆ ಇವರ ಹಳೇ ಸಿನಿಮಾದ ತುಣುಕನ್ನೇ ತೋರಿಸಿದರು.

ಅದೇ ನಾಜಿಗಳು 1944ರಲ್ಲಿ ಯಹೂದಿಗಳನ್ನು ಕೂಡಿಹಾಕಿದ್ದ ಥೆರೇಸಿಯನ್‌ಸ್ಟಾಟ್ ಕ್ಯಾಂಪಿನಲ್ಲಿ ಖೈದಿಯಾಗಿದ್ದ ಇವರ ಕೈಯಲ್ಲೇ, ಅಲ್ಲಿನ ಯಹೂದಿಗಳು ಸುಖವಾಗಿದ್ದಾರೆ ಅಂತ ತೋರಿಸುವ ಚಿತ್ರ ಮಾಡಿಸಿದರು. ಮಾಡಿಕೊಟ್ಟದ್ದಲ್ಲ ಸ್ವಾಮಿ, ಮಾಡಿಸಿದ್ದು!

"ಆಗಲ್ಲ ಅನ್ನಬಹುದಿತ್ತಲ್ಲ?" ಅಂತ ಕೇಳುತ್ತೀರಿ. ಹೆಂಡತಿಯೂ ಅದೇ ಕ್ಯಾಂಪಿನಲ್ಲಿ. ಪೂರ್ವಕ್ಕೆ ಹೋಗುವ ರೈಲು ಹತ್ತಿದವರು ವಾಪಸ್ ಬರುತ್ತಿಲ್ಲ. ಅಂಥ ಕಡೆ ಯಾರು ಯಾರಿಗೆ ಆಗಲ್ಲ ಅನ್ನೋದು? ಜೊತೆಗಿದ್ದ ಖೈದಿಗಳಲ್ಲಿ ಕೆಲವರಿಗೆ ಇವರ ಮೇಲೆ ಸಿಟ್ಟಿತ್ತು, ನಿಜ. ಅವರು ಅದೇ ನರಕದಲ್ಲಿದ್ದವರು, ಅವರಿಗೆ ಆ ಹಕ್ಕಿತ್ತು. ಮನೇಲಿ ಬೆಚ್ಚಗೆ ಕೂತು ಮೊಬೈಲ್ ಒತ್ತುವ ನಮಗೆ ಯಾವ ಹಕ್ಕಿದೆ ಹೇಳಿ? ಇದನ್ನು ಬರೆಯುವಾಗಲೂ ನನಗೆ ಕೈ ನಡುಗುತ್ತಿದೆ.

ಶೂಟಿಂಗ್ ಮುಗಿದ ಮೇಲೆ ಏನಾಯಿತು ಗೊತ್ತಾ? ಅಕ್ಟೋಬರ್ 28ರಂದು ಗಂಡ ಹೆಂಡತಿ ಇಬ್ಬರನ್ನೂ ನಾಜಿಗಳ ಸಾವಿನ ಕ್ಯಾಂಪ್ ಆಶ್‌ವಿಟ್ಸ್‌ಗೆ ಹೋಗುವ ರೈಲಿಗೆ ತುಂಬಿದರು. ಥೆರೇಸಿಯನ್‌ಸ್ಟಾಟ್‌ನಿಂದ ಆಶ್‌ವಿಟ್ಸ್‌ಗೆ ಹೊರಟ ಕೊನೆಯ ರೈಲು ಅದು. ಇಳಿದ ತಕ್ಷಣ ಕೊಂದರು. ಚಿತ್ರದ ಎಡಿಟಿಂಗ್ ಮುಗಿದಿದ್ದೇ 1945ರಲ್ಲಿ, ಬೇರೆಯವರ ಕೈಯಲ್ಲಿ. ಅದನ್ನು ಗೆರಾನ್ ಅವರ ಸಿನಿಮಾ ಅನ್ನೋಕೆ ನನಗೆ ಬಾಯಿ ಬರಲ್ಲ. ಇವತ್ತು ಅದರ ಚೂರುಪಾರು ಮಾತ್ರ ಉಳಿದಿದೆ, ಅದರಲ್ಲಿ ಮುಖ ಕಾಣುವ ಎಷ್ಟೋ ಜನರನ್ನೂ ಹೀಗೇ ರೈಲಿಗೆ ಹತ್ತಿಸಿದರು. ಆ ತುಣುಕುಗಳನ್ನು ಹಂಚಿಕೊಳ್ಳುವವರು ದಯವಿಟ್ಟು ಇಷ್ಟನ್ನೂ ಜೊತೆಗೆ ಬರೆಯಿರಿ.