ರೆಫ್‌ಪ್ರಾಪ್ ಪುಕ್ಕಟೆ ಅಲ್ಲ: ಆ ಲಿಂಕ್ ಬಗ್ಗೆ ಸ್ಪಷ್ಟನೆ

ಹಾಸನದ ಮೆಕ್ಯಾನಿಕಲ್ ವಿದ್ಯಾರ್ಥಿಗಳ ವಾಟ್ಸಾಪ್ ಗುಂಪುಗಳಲ್ಲಿ ದ್ರವ, ಅನಿಲಗಳ ಗುಣಗಳನ್ನು ಲೆಕ್ಕ ಹಾಕುವ ರೆಫ್‌ಪ್ರಾಪ್ ಸಾಫ್ಟ್‌ವೇರ್ ಬಗ್ಗೆ ಒಂದು ಮೆಸೇಜ್ ಓಡಾಡುತ್ತಿದೆ. "ರೆಫ್‌ಪ್ರಾಪ್ ಅಮೆರಿಕ ಸರ್ಕಾರದ ಸಾಫ್ಟ್‌ವೇರ್, ಹಾಗಾಗಿ ಎಲ್ಲರಿಗೂ ಉಚಿತ. ಫುಲ್ ವರ್ಷನ್ ಈ ಲಿಂಕ್‌ನಲ್ಲಿದೆ, ಹಾಕಿಕೊಳ್ಳುವಾಗ ಆಂಟಿವೈರಸ್ ಆಫ್ ಮಾಡಿ" ಅಂತ. ಮೊನ್ನೆ ನಾನೂ ಅದನ್ನು ಎರಡು ಗುಂಪಿಗೆ ಕಳಿಸಿದ್ದೆ. ಅದು ತಪ್ಪು.

ಸರ್ಕಾರದ್ದು ಎಂಬ ಮಾತು ಸರಿ. ಅದನ್ನು ತಯಾರಿಸುವುದು ಅಲ್ಲಿನ ಸರ್ಕಾರಿ ಮಾನದಂಡ ಸಂಸ್ಥೆಯಾದ ನಿಸ್ಟ್. ಅಮೆರಿಕ ಸರ್ಕಾರದ ಕೆಲಸಗಳಿಗೆ ಆ ದೇಶದಲ್ಲಿ ಸಾಮಾನ್ಯವಾಗಿ ಕಾಪಿರೈಟ್ ಇರುವುದಿಲ್ಲ. ಗೊಂದಲ ಶುರುವಾಗಿದ್ದು ಬಹುಶಃ ಇಲ್ಲಿಂದಲೇ. ಆದರೆ 1968ರ ಸ್ಟ್ಯಾಂಡರ್ಡ್ ರೆಫರೆನ್ಸ್ ಡೇಟಾ ಕಾಯ್ದೆ ಇಂಥ ಮಾಹಿತಿಗೆ ಕಾಪಿರೈಟ್ ಪಡೆಯಲು, ದುಡ್ಡಿಗೆ ಮಾರಲು ಅವಕಾಶ ಕೊಟ್ಟಿದೆ. ರೆಫ್‌ಪ್ರಾಪ್ ಆ ಸಾಲಿನ 23ನೇ ಡೇಟಾಬೇಸ್. ಕೊಂಡೇ ಬಳಸಬೇಕು.

ಹಾಗಂತ ಪ್ರಾಜೆಕ್ಟ್ ನಿಲ್ಲಿಸಬೇಕಿಲ್ಲ. ಹಾಲು ತಣಿಸುವ ಘಟಕಕ್ಕೆ ಆರ್134ಎ ಎಂಬ ಶೀತಕದ ಲೆಕ್ಕ ಹಾಕುವವರಿಗೆ ಇದೇ ಕೆಲಸದ ಕೂಲ್‌ಪ್ರಾಪ್ ಎಂಬ ಸಾಫ್ಟ್‌ವೇರ್ ಧಾರಾಳ ಸಾಕು. ಅದು ಎಂಐಟಿ ಲೈಸೆನ್ಸಿನ ಓಪನ್ ಸೋರ್ಸ್, ಅಂದರೆ ಯಾರು ಬೇಕಾದರೂ ಪುಕ್ಕಟೆ ಬಳಸಬಹುದು. ನೂರಕ್ಕೂ ಜಾಸ್ತಿ ದ್ರವ, ಅನಿಲಗಳು ಅದರಲ್ಲಿವೆ. ಪೈಥಾನ್‌ನಲ್ಲೂ ಬಳಸಬಹುದು, ಎಕ್ಸೆಲ್‌ನಲ್ಲೂ ಬಳಸಬಹುದು. ಒಂದು ಎಚ್ಚರ: ಪೈಥಾನ್‌ನಲ್ಲಿ ಅದು ಕೆಲ್ವಿನ್, ಪ್ಯಾಸ್ಕಲ್ ಕೇಳುತ್ತದೆ. ಸೆಲ್ಸಿಯಸ್ ಕೊಟ್ಟು ನಾನು ಒಂದಿಡೀ ಸಂಜೆ ಹಾಳು ಮಾಡಿಕೊಂಡಿದ್ದೇನೆ. ನಾಲ್ಕೈದು ಅಂಕಿಗಳಷ್ಟೇ ಬೇಕಿದ್ದರೆ ಅದೂ ಬೇಡ, ನಿಸ್ಟ್‌ನದೇ ಕೆಮಿಸ್ಟ್ರಿ ವೆಬ್‌ಬುಕ್ ಎಂಬ ವೆಬ್‌ಸೈಟ್ ಉಚಿತವಾಗಿದೆ. ಕಲಿಯುವವರಿಗೆಂದು ಮಿನಿ-ರೆಫ್‌ಪ್ರಾಪ್ ಎಂಬ ಚಿಕ್ಕ ಆವೃತ್ತಿಯನ್ನೂ ಅವರೇ ಪುಕ್ಕಟೆ ಕೊಡುತ್ತಾರೆ, ಕೆಲವೇ ದ್ರವಗಳಿವೆ ಅಷ್ಟೆ.

ದಯವಿಟ್ಟು ಆ ಲಿಂಕ್ ಫಾರ್ವರ್ಡ್ ಮಾಡಬೇಡಿ. ಕಳಿಸಿದ್ದರೆ ಡಿಲೀಟ್ ಮಾಡಿ ಇದನ್ನು ಹಾಕಿ. ಆಂಟಿವೈರಸ್ ಆಫ್ ಮಾಡಿದ್ದವರು ಲ್ಯಾಪ್‌ಟಾಪ್ ಒಮ್ಮೆ ಸ್ಕ್ಯಾನ್ ಮಾಡಿ.