ಮಳೆಗಾಲದ ಫೋನಿಗೆ ಕಂಪನಿಯ ಗದ್ದಲ ಬೇಡ

ಸಿಮ್ ಕಂಪನಿ ನಮಗೆ ಕೊಡಬೇಕಾದದ್ದು ಸಿಗ್ನಲ್. ನಾವು ದುಡ್ಡು ಕೊಡೋದು ಅದಕ್ಕೆ. ನಮ್ಮ ಫೋನಿನಲ್ಲಿ ಯಾವ ಆ್ಯಪ್ ಇರಬೇಕು, ಅದು ದಿನಕ್ಕೆ ಎಷ್ಟು ಸಲ ಟಿಂಗ್ ಅನ್ನಬೇಕು ಅಂತ ತೀರ್ಮಾನ ಮಾಡುವ ಹಕ್ಕು ಅದಕ್ಕಿಲ್ಲ. ನಾನು ಶಿರಸಿ ಕಡೆಯವನು, ಈಗ ಇರೋದು ಅಮೆರಿಕದ ಡಲ್ಲಾಸ್‌ನಲ್ಲಿ. ಈ ಕಾಟ ಎರಡೂ ಕಡೆ ಇದೆ. ಆದರೆ ಅದು ಒಳಗೆ ಬರುವ ದಾರಿ ಬೇರೆ, ಜನ ಸಹಿಸಿಕೊಳ್ಳುವ ಕಾರಣ ಬೇರೆ. ಅದರಿಂದ ಆಗುವ ತೊಂದರೆ ನಮ್ಮ ಉತ್ತರ ಕನ್ನಡದಲ್ಲೇ ಜಾಸ್ತಿ ಅನ್ನೋದು ನನ್ನ ಅನಿಸಿಕೆ.

ಇಲ್ಲಿ ಅಮೆರಿಕದಲ್ಲಿ ಬಹಳಷ್ಟು ಜನ ಫೋನನ್ನು ಸಿಮ್ ಕಂಪನಿಯಿಂದಲೇ ತಗೊಳ್ಳುತ್ತಾರೆ. 24 ತಿಂಗಳೋ 36 ತಿಂಗಳೋ ಕಂತು ಕಟ್ಟುತ್ತಾರೆ. ಸಾಮಾನ್ಯವಾಗಿ ಕಂತು ಮುಗಿಯುವ ತನಕ ಫೋನು ಆ ಕಂಪನಿಗೇ ಲಾಕ್ ಆಗಿರುತ್ತದೆ, ಬೇರೆ ಸಿಮ್ ಹಾಕಿದರೆ ಓಡುವುದಿಲ್ಲ. ಅಂಥ ಆಂಡ್ರಾಯ್ಡ್ ಫೋನನ್ನು ಮೊದಲ ಸಲ ಆನ್ ಮಾಡಿ ನೋಡಬೇಕು. ಕಂಪನಿಯ ಬಿಲ್ ಆ್ಯಪ್, ಕಂಪನಿಯ ವಾಯ್ಸ್‌ಮೇಲ್ ಆ್ಯಪ್ ಇದ್ದರೆ ಅದಕ್ಕೊಂದು ಅರ್ಥ ಇದೆ. ಅದರ ಜೊತೆಗೆ ನಾವು ಕೇಳದ ಆಟಗಳು, ಸುದ್ದಿ ಆ್ಯಪ್, ಶಾಪಿಂಗ್ ಆ್ಯಪ್ ಸಾಲಾಗಿ ಬಂದು ಕೂರುತ್ತವೆ. ಇವನ್ನು ಕೂರಿಸುವುದಕ್ಕೆಂದೇ ಒಳಗೊಂದು ಆ್ಯಪ್ ಇರುತ್ತದೆ. 'ಆ್ಯಪ್ ಮ್ಯಾನೇಜರ್', 'ಮೊಬೈಲ್ ಸರ್ವೀಸಸ್ ಮ್ಯಾನೇಜರ್' ಅಂತ ಯಾರಿಗೂ ಅನುಮಾನ ಬಾರದ ಹೆಸರು. ಪ್ಲೇ ಸ್ಟೋರ್‌ಗೆ ಹೋಗಿ ನಾವು ಇನ್‌ಸ್ಟಾಲ್ ಒತ್ತುವ ಅಗತ್ಯವೇ ಅದಕ್ಕಿಲ್ಲ. ಫೋನ್ ಕೈಗೆ ಬಂದ ಮೇಲೂ ಅದು ತಾನೇ ಇನ್ನೊಂದಿಷ್ಟು ಇಳಿಸಬಲ್ಲದು.

ಆಟಗಳನ್ನು ಅಳಿಸಿದರೆ ಹೋಗುತ್ತವೆ. ಅವನ್ನು ತಂದು ಹಾಕಿದ ಆ ಮ್ಯಾನೇಜರ್ ಮಾತ್ರ ಹೋಗುವುದಿಲ್ಲ. ಕಾರಣ ಇಷ್ಟೆ. ಆಂಡ್ರಾಯ್ಡ್‌ನಲ್ಲಿ ಸಿಸ್ಟಮ್‌ಗೆ ಅಂತ ಬೇರೆಯೇ ಒಂದು ಜಾಗ ಇದೆ. ಫೋನ್ ತಯಾರಾಗುವಾಗಲೇ ಅಲ್ಲಿ ತುಂಬಿಸಿದ್ದನ್ನು ಓದಬಹುದು, ಓಡಿಸಬಹುದು, ಆದರೆ ನಾವು ಅಳಿಸಲಾಗದು. ಹಾಗಾಗಿ ಸೆಟ್ಟಿಂಗ್ಸ್‌ನಲ್ಲಿ ಆ ಆ್ಯಪ್ ತೆರೆದರೆ 'ಅನ್‌ಇನ್‌ಸ್ಟಾಲ್' ಇರಬೇಕಾದ ಕಡೆ 'ಡಿಸೇಬಲ್' ಅಂತ ಇರುತ್ತದೆ. ಅದನ್ನು ಒತ್ತಿದರೆ ಆ್ಯಪ್ ಕಣ್ಣಿಗೆ ಬೀಳುವುದಿಲ್ಲ, ಓಡುವುದಿಲ್ಲ, ನೋಟಿಫಿಕೇಶನ್ ಕಳಿಸುವುದಿಲ್ಲ. ಸಿಸ್ಟಮ್ ಜಾಗದಲ್ಲಿ ಕೂತೇ ಇರುತ್ತದೆ, ಅದು ಹಿಡಿದ ಜಾಗ ನಮಗೆ ವಾಪಸ್ ಸಿಗುವುದಿಲ್ಲ. ದೊಡ್ಡ ಅಪ್‌ಡೇಟ್ ಬಂದಾಗ ಕೆಲವೊಮ್ಮೆ ಮತ್ತೆ ಎದ್ದು ಕೂರುತ್ತದೆ, ಆಗ ಇನ್ನೊಮ್ಮೆ ನೋಡಬೇಕು.

ಇಲ್ಲಿನ ನನ್ನ ಗೆಳೆಯರಿಗೆ ಇದೆಲ್ಲ ದೊಡ್ಡ ವಿಷಯ ಅಲ್ಲ. ಕಂಪನಿ ಕಡಿಮೆ ದುಡ್ಡಿಗೆ ಫೋನ್ ಕೊಟ್ಟಿದೆ, ಅದರ ಬದಲಿಗೆ ನಾಲ್ಕು ಆ್ಯಪ್ ತುರುಕಿದೆ, ಇರಲಿ ಬಿಡು ಅನ್ನುತ್ತಾರೆ. ಇದು ನನಗೆ ಒಪ್ಪಿಗೆ ಇಲ್ಲ. ಆದರೂ ಅದರಲ್ಲೊಂದು ಲೆಕ್ಕ ಇದೆ ಅಂತ ಒಪ್ಪುತ್ತೇನೆ. ಅದು ಬೇಡದವರು ಪೂರ್ತಿ ದುಡ್ಡು ಕೊಟ್ಟು ಲಾಕ್ ಇಲ್ಲದ ಫೋನು ತಗೊಳ್ಳುತ್ತಾರೆ.

ನಮ್ಮಲ್ಲಿ ಈ ಲೆಕ್ಕವೇ ಇಲ್ಲ. ಶಿರಸಿಯಲ್ಲೋ ಕುಮಟಾದಲ್ಲೋ ಕಾರವಾರದಲ್ಲೋ ಫೋನು ತಗೊಳ್ಳುವವರು ಅಂಗಡಿಯಲ್ಲಿ ಪೂರ್ತಿ ದುಡ್ಡು ಎಣಿಸಿ ಕೊಡುತ್ತಾರೆ. ಕಂತು ಮಾಡಿದರೂ ಅದು ಫೈನಾನ್ಸ್ ಕಂಪನಿಯ ಜೊತೆ. ಫೋನಿನ ದುಡ್ಡಿಗೂ ಸಿಮ್ ಕಂಪನಿಗೂ ಸಂಬಂಧ ಇಲ್ಲ. ಆದರೂ ಅದು ಒಳಗೆ ಬರುತ್ತದೆ. ಜಗಲಿಯಲ್ಲಿ ಕೂರು ಅಂದವರನ್ನು ದಾಟಿ ಸೀದಾ ಅಡುಗೆಮನೆಗೆ ನುಗ್ಗಿದ ಹಾಗೆ.

ಬರುವ ದಾರಿ ಸಿಮ್ ಕಾರ್ಡು. ಸಿಮ್‌ನ ಒಳಗೇ ಸಣ್ಣ ಪ್ರೋಗ್ರಾಮ್ ಇರುತ್ತದೆ. ಫೋನಿನ ಪರದೆಯ ಮೇಲೆ ಒಂದು ಸಾಲು ತೋರಿಸು, ಓಕೆ ಕೇಳು ಅಂತ ಅದು ಫೋನಿಗೆ ಹೇಳಬಲ್ಲದು. ಇದು 1990ರ ದಶಕದ ಜಿಎಸ್‌ಎಂ ಕಾಲದ ವ್ಯವಸ್ಥೆ. 'ಸಿಮ್ ಟೂಲ್‌ಕಿಟ್' ಅನ್ನೋದು ಅದೇ. ಕ್ರಿಕೆಟ್ ಸ್ಕೋರು, ಜ್ಯೋತಿಷ್ಯ, ಕಾಲರ್ ಟ್ಯೂನ್ ಅಂತ ಪರದೆಯ ನಡುವೆ ಫಕ್ಕನೆ ಎದ್ದು ನಿಲ್ಲುವ ಸಂದೇಶಗಳು ಬರೋದು ಇಲ್ಲಿಂದ. ಫೋನ್ ಬದಲಿಸಿದರೂ ಇದು ಹೋಗುವುದಿಲ್ಲ. ಕೀಪ್ಯಾಡ್ ಫೋನಿನಲ್ಲೂ ಬರುತ್ತದೆ. "ತಮಾ, ಎಂತದೋ ಬಂಜು, ಓಕೆ ಒತ್ತಕಾ ಬ್ಯಾಡ್ದಾ?" ಅಂತ ಆಯಿ ವಿಡಿಯೋ ಕಾಲ್‌ನಲ್ಲಿ ಕೇಳುತ್ತಾಳೆ. ಅವಳು ಕೇಳುತ್ತಾಳೆ, ಆದ್ದರಿಂದ ಸರಿ. ಕೇಳಲು ಯಾರೂ ಇಲ್ಲದವರು ಸಂದೇಶ ಹೋದರೆ ಸಾಕು ಅಂತ ಓಕೆ ಒತ್ತುತ್ತಾರೆ, ಬೇಡದ ಸೇವೆಯೊಂದು ಶುರುವಾಗುವ ಸಂಭವ ಇರುತ್ತದೆ.

ಇದನ್ನು ತಡೆಯಲು ದೂರಸಂಪರ್ಕ ಕಂಪನಿಗಳ ಮೇಲೆ ಕಣ್ಣಿಡುವ ಕೇಂದ್ರದ ಪ್ರಾಧಿಕಾರ ಟ್ರಾಯ್ ನಿಯಮ ಮಾಡಿದೆ. ಇಂಥ ಸೇವೆಗೆ ಗ್ರಾಹಕರ ಒಪ್ಪಿಗೆಯನ್ನು ಎರಡನೇ ಸಲ ಖಚಿತ ಮಾಡಿಕೊಳ್ಳಬೇಕು ಅಂತ 2013ರಲ್ಲೇ ಹೇಳಿದೆ. ಶುರುವಾದ ಸೇವೆ ನಿಲ್ಲಿಸಲು 155223 ಸಂಖ್ಯೆ ಇದೆ. ನಮ್ಮೂರಲ್ಲಿ ಈ ಸಂಖ್ಯೆ ಗೊತ್ತಿರುವವರು ನನಗೆ ಸಿಕ್ಕಿದ್ದು ಕಡಿಮೆ. ಆ ಸಂದೇಶಗಳನ್ನೇ ನಿಲ್ಲಿಸುವುದೂ ಸುಲಭ. ಫೋನಿನ ಆ್ಯಪ್‌ಗಳ ನಡುವೆ ಸಿಮ್ ಟೂಲ್‌ಕಿಟ್ ಇರುತ್ತದೆ. ತೆರೆದರೆ ಕಂಪನಿಯ ಮೆನು ಬರುತ್ತದೆ, ಅದರ ಒಳಗೆಲ್ಲೋ ಸ್ಟಾರ್ಟ್ ಮತ್ತು ಸ್ಟಾಪ್ ಇರುತ್ತದೆ. ಸ್ಟಾಪ್ ಒತ್ತಿದರೆ ಆಯಿತು. ಕಂಪನಿಯಿಂದ ಕಂಪನಿಗೆ ಹೆಸರು ಬೇರೆ, ಜಾಗ ಹೆಚ್ಚುಕಡಿಮೆ ಅದೇ.

ಜಾಹೀರಾತಿನ ಮೆಸೇಜು, ಕಾಲ್‌ಗಳದ್ದು ಬೇರೆ ದಾರಿ. 1909ಕ್ಕೆ ಕಾಲ್ ಮಾಡಬಹುದು, ಅಥವಾ ಇಂಗ್ಲಿಷ್ ಅಕ್ಷರದಲ್ಲಿ 'ಸ್ಟಾರ್ಟ್ 0' ಅಂತ ಬರೆದು ಅದೇ ಸಂಖ್ಯೆಗೆ ಕಳಿಸಬಹುದು. 2025ರಿಂದ ನಮಗೆ ಬರುವ ಇಂಥ ಮೆಸೇಜುಗಳಲ್ಲಿ, ಕಳಿಸಿದವರ ಹೆಸರಿನ ಕೊನೆಗೆ ಒಂದು ಇಂಗ್ಲಿಷ್ ಅಕ್ಷರ ಬರುತ್ತಿದೆ. ಪಿ ಅಂದರೆ ಜಾಹೀರಾತು, ಎಸ್ ಅಂದರೆ ಸೇವೆ, ಟಿ ಅಂದರೆ ವ್ಯವಹಾರ, ಜಿ ಅಂದರೆ ಸರ್ಕಾರ. ಇದು ಒಳ್ಳೆಯ ಕೆಲಸ ಅಂತ ನಾನು ಮನಸಾರೆ ಹೇಳುತ್ತೇನೆ. ಕನ್ನಡ ಮಾತ್ರ ಓದಲು ಬರುವವರಿಗೂ ಆ ಒಂದು ಅಕ್ಷರವನ್ನು ಗುರುತು ಹಿಡಿಯೋದು ಕಲಿಸಬಹುದು, ಅಲ್ವಾ? ಆದರೆ 1909 ಆ್ಯಪ್‌ನ ನೋಟಿಫಿಕೇಶನ್ ನಿಲ್ಲಿಸುವುದಿಲ್ಲ. ಅದನ್ನು ಫೋನಿನಲ್ಲೇ ನಿಲ್ಲಿಸಬೇಕು.

ಇಷ್ಟಕ್ಕೆಲ್ಲ ಯಾಕೆ ತಲೆ ಕೆಡಿಸಿಕೊಳ್ಳಬೇಕು, ಸುಮ್ನೆ ಸ್ವೈಪ್ ಮಾಡಿದರೆ ಹೋಗುತ್ತದಲ್ಲ ಅನ್ನುವವರಿದ್ದಾರೆ. ಬೆಂಗಳೂರಿನಲ್ಲಿ ಹಾಗೆ ಅನ್ನಬಹುದೋ ಏನೋ. ನಮ್ಮ ಜಿಲ್ಲೆಯ ಮಳೆಗಾಲ ನೋಡಿದವರು ಹಾಗೆ ಅನ್ನಬಾರದು.

ಜೂನ್ ಬಂದರೆ ಹೆಸ್ಕಾಂ ಕರೆಂಟ್ ಯಾವಾಗ ಹೋಗುತ್ತದೆ, ಯಾವಾಗ ಬರುತ್ತದೆ ಗೊತ್ತಿಲ್ಲ. ತೋಟದ ನಡುವಿನ ಮನೆಗಳಲ್ಲಿ ಮರ ಬಿದ್ದು ತಂತಿ ಹರಿದರೆ ಕೆಲವೊಮ್ಮೆ ದಿನಗಟ್ಟಲೆ ಕತ್ತಲೆ. ಸಿದ್ದಾಪುರ, ಯಲ್ಲಾಪುರ, ಜೋಯಿಡಾದ ಎಷ್ಟೋ ಹಳ್ಳಿಗಳಲ್ಲಿ ಸಿಗ್ನಲ್ಲೂ ಅಷ್ಟಕ್ಕಷ್ಟೆ. ಸಿಗ್ನಲ್ ಕಡಿಮೆ ಇದ್ದಲ್ಲಿ ಟವರ್ ಹುಡುಕಿ ಹುಡುಕಿಯೇ ಫೋನಿನ ಚಾರ್ಜ್ ಇಳಿಯುತ್ತದೆ. ಅದರ ಮೇಲೆ ಯಾರೂ ತೆರೆಯದ ಆ್ಯಪ್‌ಗಳು ಹಿಂದಿನಿಂದ ಅಪ್‌ಡೇಟ್ ಆಗುತ್ತ, ಜಾಹೀರಾತು ತರಿಸಿಕೊಳ್ಳುತ್ತ ಕೂತರೆ ಉಳಿದ ಚಾರ್ಜೂ ಡೇಟಾವೂ ಯಾರ ಪಾಲು? ಆ ಚಾರ್ಜ್ ಇರಬೇಕಾದದ್ದು ರಾತ್ರಿ ಯಾರಿಗಾದರೂ ಹುಷಾರಿಲ್ಲದಾಗ ಕಾಲ್ ಮಾಡಲು.

ಎಚ್ಚರಿಕೆಗಳ ವಿಷಯ ಇದಕ್ಕಿಂತ ದೊಡ್ಡದು. ಕದ್ರಾ ಅಣೆಕಟ್ಟು ತುಂಬುತ್ತ ಬಂದರೆ ಗೇಟ್ ತೆರೆಯುವ ಮೊದಲು ಕಾಳಿ ದಂಡೆಯ ಊರುಗಳಿಗೆ ಸೂಚನೆ ಕೊಡುತ್ತಾರೆ. ಗೇರುಸೊಪ್ಪದಿಂದ ನೀರು ಬಿಡುವಾಗ ಹೊನ್ನಾವರದ ಶರಾವತಿ ದಂಡೆಗೂ ಹಾಗೆಯೇ. ರೆಡ್ ಅಲರ್ಟ್, ಶಾಲೆಗೆ ರಜೆ, ಘಟ್ಟದ ರಸ್ತೆ ಬಂದ್, ಕಡಲಿಗೆ ಇಳಿಯಬೇಡಿ ಅನ್ನುವ ಸೂಚನೆ, ಇವೆಲ್ಲ ಈಗ ಜನರಿಗೆ ಮುಟ್ಟುವುದು ಹೆಚ್ಚಾಗಿ ಫೋನಿನಲ್ಲೇ. 2024ರ ಜುಲೈ 16ರಂದು ಅಂಕೋಲಾದ ಶಿರೂರಿನಲ್ಲಿ ಹೆದ್ದಾರಿ 66ರ ಮೇಲೆ ಗುಡ್ಡ ಕುಸಿದದ್ದನ್ನು ನಾವ್ಯಾರೂ ಮರೆತಿಲ್ಲ. ಆ ದಿನದಿಂದ ಮಳೆಗಾಲದಲ್ಲಿ ಊರಿನ ಸುದ್ದಿಗೆ ನಾನು ಇಲ್ಲಿ ಕೂತು ಫೋನ್ ನೋಡುತ್ತಲೇ ಇರುತ್ತೇನೆ.

ಬೆಳಗಿಂದ ಸಂಜೆ ತನಕ ಆಫರ್, ಗೇಮ್, ಲೋನ್ ಅಂತ ಟಿಂಗ್ ಅನ್ನುವ ಫೋನನ್ನು ಯಾರು ನೋಡುತ್ತಾರೆ? ನಮ್ಮ ಹಿರಿಯರು ನೋಡುವುದನ್ನೇ ಬಿಟ್ಟಿದ್ದಾರೆ. ಫೋನ್ ಸೈಲೆಂಟ್ ಮಾಡಿ ಕಪಾಟಿನ ಮೇಲೆ ಇಡುತ್ತಾರೆ. ಶಿರಸಿಯ ಅಡಿಕೆ ಧಾರಣೆ, ಚಾಲಿ ಎಷ್ಟು, ರಾಶಿ ಎಷ್ಟು ಅಂತ ನೋಡುವಾಗ ಮಾತ್ರ ಕೈಗೆ ತಗೊಳ್ಳುತ್ತಾರೆ. ಅವರ ತಪ್ಪು ಇದರಲ್ಲಿ ಏನೂ ಇಲ್ಲ. ಕಂಪನಿಗಳೇ ಅವರನ್ನು ಹಾಗೆ ಮಾಡಿವೆ. ನನಗೆ ಸಿಟ್ಟು ಬರುವುದು ಇಲ್ಲೇ.

ಡಲ್ಲಾಸ್‌ನಲ್ಲಿ ಸುಂಟರಗಾಳಿಯ ಎಚ್ಚರಿಕೆ ಬಂದರೆ ಸುತ್ತಲಿನ ಎಲ್ಲ ಫೋನುಗಳೂ ಒಟ್ಟಿಗೆ ಕಿರುಚುತ್ತವೆ. 2012ರಿಂದ ಇರುವ ವ್ಯವಸ್ಥೆ ಅದು. ಟವರ್‌ನಿಂದ ಆ ಪ್ರದೇಶದ ಎಲ್ಲ ಫೋನಿಗೂ ನೇರವಾಗಿ ಹೋಗುತ್ತದೆ, ಅದರ ಸದ್ದೇ ಬೇರೆ. ಜನ ಕೆಲಸ ಬಿಟ್ಟು ನೋಡುತ್ತಾರೆ. ನಮ್ಮ ದೇಶದಲ್ಲೂ ಇಂಥದ್ದೇ ಬರುತ್ತಿದೆ, 2023ರಲ್ಲಿ ಪರೀಕ್ಷೆಯ ಸಂದೇಶಗಳು ಬಂದಿದ್ದು ಬಹಳ ಜನರಿಗೆ ನೆನಪಿರಬಹುದು. ಫೋನಿನ ಗದ್ದಲ ಕಡಿಮೆ ಮಾಡುವಾಗ ಸೆಟ್ಟಿಂಗ್ಸ್‌ನಲ್ಲಿ 'ವೈರ್‌ಲೆಸ್ ತುರ್ತು ಎಚ್ಚರಿಕೆ' ಅನ್ನುವುದನ್ನು ದಯವಿಟ್ಟು ಆಫ್ ಮಾಡಬೇಡಿ. ಬೇರೆ ಎಲ್ಲ ಮುಚ್ಚಿದರೂ ಅದು ತೆರೆದಿರಲಿ.

ಕಾನೂನಿನಿಂದ ಏನಾದರೂ ಆಗುತ್ತದೆಯೇ? ದಕ್ಷಿಣ ಕೊರಿಯಾ 2014ರಲ್ಲೇ ದಾರಿ ತೋರಿಸಿತು. ಫೋನ್ ಓಡಲು ಬೇಕಾಗಿಯೇ ಇಲ್ಲದ ಆ್ಯಪ್‌ಗಳನ್ನು ಗ್ರಾಹಕರು ಅಳಿಸುವ ಹಾಗೆ ಇರಬೇಕು ಅಂತ ಅಲ್ಲಿನ ಸರ್ಕಾರ ಮಾರ್ಗಸೂಚಿ ತಂದಿತು. ನಮ್ಮಲ್ಲಿ ಸ್ಪರ್ಧಾ ಆಯೋಗ 2022ರ ಅಕ್ಟೋಬರ್‌ನಲ್ಲಿ ಗೂಗಲ್‌ಗೆ ₹1,337.76 ಕೋಟಿ ದಂಡ ಹಾಕಿತು. ಮೊದಲೇ ಕೂರಿಸಿದ ಗೂಗಲ್ ಆ್ಯಪ್‌ಗಳನ್ನು ಅಳಿಸದಂತೆ ತಡೆಯಬಾರದು ಅಂತಲೂ ಹೇಳಿತು. 2023ರ ಮಾರ್ಚ್‌ನಲ್ಲಿ ಮೇಲ್ಮನವಿ ನ್ಯಾಯಮಂಡಳಿ ದಂಡವನ್ನು ಎತ್ತಿಹಿಡಿದು, ಬೇರೆ ಕೆಲವು ಸೂಚನೆಗಳ ಜೊತೆ ಅಳಿಸುವ ಕುರಿತ ಆ ಸೂಚನೆಯನ್ನೂ ತೆಗೆದುಹಾಕಿತು. ಸಾಮಾನ್ಯ ಜನರಿಗೆ ನಿಜಕ್ಕೂ ಬೇಕಿದ್ದದ್ದು ಅದೇ ಆಗಿತ್ತು.

ಹಾಗಾಗಿ ಸದ್ಯಕ್ಕೆ ಕೈಯಲ್ಲಿ ಇರುವುದನ್ನು ಮಾಡಬೇಕು. ಬೇಡದ ನೋಟಿಫಿಕೇಶನ್ ಬಂದಾಗ ಅದರ ಮೇಲೇ ಬೆರಳು ಒತ್ತಿ ಹಿಡಿದರೆ ಆಫ್ ಮಾಡುವ ದಾರಿ ಕಾಣುತ್ತದೆ. 2017ರ ಆಂಡ್ರಾಯ್ಡ್ 8ರಿಂದ ಒಂದೇ ಆ್ಯಪ್‌ನ ನೋಟಿಫಿಕೇಶನ್‌ಗಳು ವಿಭಾಗಗಳಾಗಿ ಇರುತ್ತವೆ. ರೀಚಾರ್ಜ್ ಮುಗಿಯುವ ಸೂಚನೆ ಇಟ್ಟುಕೊಂಡು ಆಫರ್ ಮಾತ್ರ ನಿಲ್ಲಿಸಬಹುದು, ಆ್ಯಪ್ ಮಾಡಿದವರು ಪ್ರಾಮಾಣಿಕವಾಗಿ ವಿಂಗಡಿಸಿದ್ದರೆ. 2022ರ ಆಂಡ್ರಾಯ್ಡ್ 13ರಿಂದ ಹೊಸ ಆ್ಯಪ್ ನೋಟಿಫಿಕೇಶನ್ ಕಳಿಸುವ ಮೊದಲು ಅನುಮತಿ ಕೇಳಬೇಕು. ಮೊದಲೇ ಕೂರಿಸಿದ ಆ್ಯಪ್‌ಗೆ ಆ ಅನುಮತಿ ಮೊದಲೇ ಸಿಕ್ಕಿರಬಹುದು, ಅದನ್ನು ನಾವೇ ಹೋಗಿ ತೆಗೆಯಬೇಕು.

ಫೋನನ್ನು ಕಂಪ್ಯೂಟರ್‌ಗೆ ಜೋಡಿಸಿ, ಅಲ್ಲಿಂದ ಫೋನಿಗೆ ಆಜ್ಞೆ ಕೊಡುವ ಎಡಿಬಿ ಅನ್ನುವ ಪ್ರೋಗ್ರಾಮ್ ಮೂಲಕ ಆ್ಯಪ್ ತೆಗೆಯುವ ವಿಧಾನವೂ ಇದೆ. ಬಿಲ್ಡ್ ನಂಬರ್ ಮೇಲೆ ಏಳು ಸಲ ಒತ್ತಿ, ಡೆವಲಪರ್ ಆಯ್ಕೆ ತೆರೆದು, ಯುಎಸ್‌ಬಿ ಡಿಬಗಿಂಗ್ ಆನ್ ಮಾಡಿ ಮಾಡುವ ಕೆಲಸ. ಅದೂ ಆ್ಯಪ್ ಅನ್ನು ಆ ಬಳಕೆದಾರನ ಮಟ್ಟಿಗೆ ಮಾತ್ರ ತೆಗೆಯುತ್ತದೆ, ಫ್ಯಾಕ್ಟರಿ ರಿಸೆಟ್ ಮಾಡಿದರೆ ವಾಪಸ್ ಬರುತ್ತದೆ. ಗೊತ್ತಿಲ್ಲದ್ದನ್ನು ಕಿತ್ತರೆ ಫೋನು ಆನ್ ಆಗದೇ ಉಳಿಯಬಹುದು. ಅಪ್ಪಯ್ಯ, ಆಯಿಯ ಫೋನಿಗೆ ಇದು ಬೇಡ. ಡಿಸೇಬಲ್ ಸಾಕು.

ಇಲ್ಲಿ ಫೋನ್ ಕಂಪನಿಯ ಅಂಗಡಿಗೆ ಹೋಗಿ ನಿಮ್ಮ ಆ್ಯಪ್ ತೆಗೆದುಕೊಡಿ ಅಂದರೆ ಅಲ್ಲಿನ ಹುಡುಗ ನಗುತ್ತಾನೆ. ಅವನ ಸಂಬಳ ಬರೋದೇ ಆ ಕಂಪನಿಯಿಂದ. ನಮ್ಮೂರಿನ ಮೊಬೈಲ್ ಅಂಗಡಿ ಹಾಗಲ್ಲ. ಎಲ್ಲ ಸಿಮ್ಮೂ ಮಾರುತ್ತದೆ, ಎಲ್ಲ ಫೋನೂ ಮಾರುತ್ತದೆ, ಯಾರ ಹಂಗಿನಲ್ಲೂ ಪೂರ್ತಿ ಇಲ್ಲ. ಗಿರಾಕಿಯ ಮನೆ ಎಲ್ಲಿ, ಮಕ್ಕಳು ಯಾವ ಊರಲ್ಲಿ ಅಂತ ಅಂಗಡಿಯವರಿಗೆ ಗೊತ್ತಿರುತ್ತದೆ. ಈ ವಿಷಯದಲ್ಲಿ ನಮ್ಮ ಊರು ಡಲ್ಲಾಸ್‌ಗಿಂತ ಎಷ್ಟೋ ಮುಂದೆ ಇದೆ. ಗ್ರಾಮ ಪಂಚಾಯಿತಿಯ ಅರಿವು ಕೇಂದ್ರಗಳಿವೆ, ಹಳ್ಳಿಹಳ್ಳಿಯಲ್ಲೂ ಸೇವಾ ಸಹಕಾರಿ ಸಂಘಗಳಿವೆ. ಮೇ ತಿಂಗಳಲ್ಲಿ ರಜೆಗೆ ಬಂದ ಕಾಲೇಜು ಹುಡುಗರು ಒಂದು ಮಧ್ಯಾಹ್ನ ಅಲ್ಲಿ ಕೂತರೆ ಊರಿನ ಎಷ್ಟೋ ಫೋನುಗಳು ಮಳೆಗೆ ಮೊದಲೇ ಹಗುರ ಆಗುತ್ತವೆ.

ಅಂಗಡಿಯವರಲ್ಲಿ ನನ್ನದೊಂದು ಕೋರಿಕೆ. ಹೊಸ ಫೋನಿಗೆ ಸ್ಕ್ರೀನ್‌ಗಾರ್ಡ್ ಅಂಟಿಸುವಾಗಲೇ ಸಿಮ್ ಟೂಲ್‌ಕಿಟ್‌ನಲ್ಲಿ ಸ್ಟಾಪ್ ಒತ್ತಿ, ಬೇಡದ ಆ್ಯಪ್ ಡಿಸೇಬಲ್ ಮಾಡಿ, ತುರ್ತು ಎಚ್ಚರಿಕೆ ಆನ್ ಇದೆಯೇ ನೋಡಿ ಕೊಡಿ. ಅದಕ್ಕೆ ಬೇರೆ ದುಡ್ಡು ತಗೊಂಡರೂ ಪರವಾಗಿಲ್ಲ, ನಮ್ಮಂಥ ದೂರದ ಮಕ್ಕಳು ಖುಷಿಯಿಂದ ಕೊಡುತ್ತೇವೆ.