ಮೋಸ್ತಾರಿನ ಹಳೇ ಸೇತುವೆ: ಇದ್ದ ಹಾಗೇ ಮತ್ತೆ ಕಟ್ಟಿದ್ದು ಸರಿಯಾ?

ಬೋಸ್ನಿಯಾದ ಮೋಸ್ತಾರ್ ಊರಲ್ಲಿ ನೆರೆತ್ವಾ ನದಿಗೆ ಒಂದು ಕಲ್ಲಿನ ಸೇತುವೆ ಇತ್ತು. ಕಟ್ಟಿಸಿದವನು ಆಟೋಮನ್ ಸುಲ್ತಾನ ಸುಲೇಮಾನ್, ಕಟ್ಟಿದವನು ಮಿಮಾರ್ ಹೈರುದ್ದೀನ್. ಕೆಲಸ ಮುಗಿದದ್ದು 1566ರಲ್ಲಿ. 427 ವರ್ಷ ಅಲುಗಾಡದೆ ನಿಂತ ಆ ಸೇತುವೆ ಬೋಸ್ನಿಯಾ ಯುದ್ಧದ ಹೊತ್ತಿನಲ್ಲಿ, 1993ರ ನವೆಂಬರ್ 9ರ ಬೆಳಿಗ್ಗೆ, ಅಲ್ಲಿನ ಕ್ರೊವಾಟ್ ಜನಾಂಗದವರ ಪಡೆಯ ಗುಂಡಿನ ದಾಳಿಗೆ ಕುಸಿದು ನದಿಗೆ ಬಿತ್ತು. 2004ರ ಜುಲೈ 23ರಂದು ಅದೇ ಜಾಗದಲ್ಲಿ, ಅದೇ ಆಕಾರದಲ್ಲಿ ಕಟ್ಟಿದ ಸೇತುವೆಯನ್ನು ಮತ್ತೆ ಜನರಿಗೆ ಬಿಟ್ಟುಕೊಟ್ಟರು. ಹಾಗೆ ಕಟ್ಟಬೇಕಿತ್ತಾ, ಬೇಡವಾಗಿತ್ತಾ? ಎರಡೂ ಕಡೆಯ ಮಾತಿಗೆ ತೂಕವಿದೆ. ನನ್ನ ಮನಸ್ಸು ಎರಡನೆಯದರ ಕಡೆಗೆ ಸ್ವಲ್ಪ ಜಾಸ್ತಿ ವಾಲುತ್ತದೆ, ಆದರೆ ಮೊದಲನೆಯದನ್ನು ಸುಮ್ನೆ ತಳ್ಳಿಹಾಕಲು ಆಗುವುದಿಲ್ಲ.

ಪರ: ಕಟ್ಟಲೇಬೇಕಿತ್ತು

ಮೊದಲು ಆ ಸೇತುವೆ ಎಂಥದ್ದು ಅಂತ ನೋಡಿ. ಒಂದೇ ಕಮಾನು, ನಡುವೆ ಕಂಬವೇ ಇಲ್ಲ. ದಂಡೆಯಿಂದ ದಂಡೆಗೆ ಸುಮಾರು 29 ಮೀಟರ್, ಅಗಲ ಬರೀ 4 ಮೀಟರ್. ಬೇಸಿಗೆಯಲ್ಲಿ ನೀರಿನಿಂದ 20 ಮೀಟರಿಗೂ ಜಾಸ್ತಿ ಎತ್ತರ. ತೆನೆಲಿಯಾ ಅನ್ನುವ ತಿಳಿಬಣ್ಣದ ಕಲ್ಲು ಆ ಊರಿನ ಪಕ್ಕದಲ್ಲೇ ಸಿಗುತ್ತದೆ. ಕಲ್ಲಿಗೂ ಕಲ್ಲಿಗೂ ಕಬ್ಬಿಣದ ಕೊಂಡಿ ಹಾಕಿ, ಕೊಂಡಿ ಕೂತ ತೂತಿಗೆ ಕರಗಿಸಿದ ಸೀಸ ಎರೆದು ಬಿಗಿ ಮಾಡಿದ್ದರು. ಹಾಸು ಕಡಿದಾಗಿ ಏರಿ ಇಳಿಯುತ್ತದೆ, ಕಲ್ಲು ಸವೆದು ನುಣುಪಾಗಿರುತ್ತದೆ, ಅದಕ್ಕೆ ಕಾಲು ಜಾರದಿರಲಿ ಅಂತ ಅಡ್ಡಡ್ಡ ಕಲ್ಲಿನ ಏಣು ಕೊಟ್ಟಿದ್ದಾರೆ. ಕಮಾನಿನ ಕೆಳಗಿನ ಸಾರವೆ ಬಿಚ್ಚುವ ದಿನ ಸೇತುವೆ ಬಿದ್ದರೆ ತನ್ನ ತಲೆ ಉಳಿಯುವುದಿಲ್ಲ ಅಂತ ಹೈರುದ್ದೀನ್ ತನ್ನ ಗೋರಿಯನ್ನು ತಾನೇ ತೋಡಿಕೊಂಡಿದ್ದನಂತೆ. ಇದು ಕಥೆ. ಆದರೆ ಆ ತೆಳ್ಳನೆಯ ಕಮಾನು ನೋಡಿದರೆ ಅವನ ಭಯ ಅರ್ಥವಾಗುತ್ತದೆ.

ಇಂಥ ಕಸುಬನ್ನು ನದಿಯ ತಳಕ್ಕೆ ಬಿಟ್ಟು ಕೈತೊಳೆದುಕೊಳ್ಳಬೇಕಿತ್ತಾ? 1997ರಲ್ಲಿ ಹಂಗೇರಿ ಸೇನೆಯ ಮುಳುಗುಗಾರರು ನೀರಿಗಿಳಿದು ಬಿದ್ದ ಕಲ್ಲುಗಳನ್ನು ಮೇಲೆತ್ತಿದರು. ಹೆಚ್ಚಿನವು ಮತ್ತೆ ಬಳಸುವ ಸ್ಥಿತಿಯಲ್ಲಿ ಇರಲಿಲ್ಲ. ಹಾಗಾಗಿ ಅದೇ ಜಾತಿಯ ಹೊಸ ಕಲ್ಲು ತಂದು ಕಡಿದರು. ಕಮಾನಿನ ಕೆಳಗೆ ಸಾರವೆ ಕಟ್ಟಿ, ಹಳೇ ಕ್ರಮದಲ್ಲೇ ಕೊಂಡಿ ಹಾಕಿ ಸೀಸ ಎರೆದರು. ಮರೆತೇಹೋಗಬಹುದಾಗಿದ್ದ ಕೆಲಸ ಇನ್ನೊಂದು ತಲೆಮಾರಿನ ಕೈಗೆ ಬಂತು.

ಹೊಸ ಕಲ್ಲು ಅಂದಮೇಲೆ ಅದು ನಕಲು ಅನ್ನುವವರು ಪೆರು ದೇಶದ ಕೆಸ್ವಾಚಾಕಾ ಸೇತುವೆಯನ್ನು ನೋಡಲಿ. ಅಪುರಿಮಾಕ್ ನದಿಯ ಮೇಲೆ ಹುಲ್ಲಿನ ಹಗ್ಗದಲ್ಲೇ ಹೆಣೆದದ್ದು. ಸುತ್ತಲಿನ ಊರುಗಳ ಜನ ಪ್ರತಿ ವರ್ಷ ಜೂನ್‌ನಲ್ಲಿ ಸೇರಿ ಹಳೆಯದನ್ನು ಕಡಿದು ಬೀಳಿಸಿ ಹೊಸದನ್ನು ಹೆಣೆಯುತ್ತಾರೆ. ಅದನ್ನು ಯಾರೂ ನಕಲು ಅನ್ನುವುದಿಲ್ಲ, ಇಂಕಾ ಕಾಲದಿಂದ ಬಂದ ಸೇತುವೆ ಅಂತಲೇ ಕರೆಯುತ್ತಾರೆ. ಜಪಾನಿನ ಇವಾಕುನಿಯಲ್ಲಿ 1673ರ ಮರದ ಕಿಂತಾಯ್ ಸೇತುವೆ 1950ರ ಪ್ರವಾಹದಲ್ಲಿ ಕೊಚ್ಚಿಹೋಯಿತು, 1953ಕ್ಕೆ ಮತ್ತೆ ಎದ್ದಿತು. ಫ್ಲಾರೆನ್ಸಿನ ಸಾಂತಾ ತ್ರಿನಿತಾ ಸೇತುವೆಯನ್ನು 1944ರಲ್ಲಿ ಹಿಂದೆ ಸರಿಯುತ್ತಿದ್ದ ಜರ್ಮನ್ ಸೇನೆ ಸ್ಫೋಟಿಸಿತು. ಊರಿನವರು ಹಟ ಹಿಡಿದು ಹೊಳೆಯಿಂದ ಕಲ್ಲೆತ್ತಿಸಿ, 1958ಕ್ಕೆ ಮೊದಲಿದ್ದ ರೂಪಕ್ಕೇ ತಂದು ನಿಲ್ಲಿಸಿದರು.

ಇನ್ನೊಂದು ಮಾತು ಹೇಳಲೇಬೇಕು. ಯುದ್ಧ ನಡೆಯುತ್ತಿದ್ದಾಗ ಮೋಸ್ತಾರಿನ ಜನ ಆ ಸೇತುವೆಗೆ ತಗಡು, ಹಲಗೆ, ಕಾರಿನ ಹಳೇ ಟಯರ್ ನೇತುಹಾಕಿ ಗುಂಡಿನಿಂದ ಕಾಯಲು ನೋಡಿದರು. ತಮ್ಮ ಪ್ರಾಣಕ್ಕೇ ಗ್ಯಾರಂಟಿ ಇಲ್ಲದ ಹೊತ್ತಿನಲ್ಲಿ ಹಾಗೆ ಮಾಡಿದವರಿಗೆ, ಬಿದ್ದದ್ದು ಬಿದ್ದೇ ಇರಲಿ, ನೆನಪಿಗೆ ಒಳ್ಳೆಯದು ಅಂತ ಹೊರಗಿನವರು ಹೇಗೆ ಹೇಳುವುದು? ಹಾಗೆ ಬಿಟ್ಟಿದ್ದರೆ ಗುಂಡು ಹಾರಿಸಿದವನ ಇಷ್ಟವೇ ನಡೆದ ಹಾಗಾಗುತ್ತಿತ್ತು. ಇವತ್ತು ಅಲ್ಲಿ ಹುಡುಗರು ಮತ್ತೆ ನೆರೆತ್ವಾದ ಮರಗಟ್ಟಿಸುವ ನೀರಿಗೆ ಜಿಗಿಯುತ್ತಾರೆ, ಅವರ ಅಪ್ಪಂದಿರು, ತಾತಂದಿರು ಜಿಗಿದ ಅದೇ ಎತ್ತರದಿಂದ. ಬಣ್ಣಿಸಿ ಹೇಳಿದರೆ ಈ ಪದ್ಧತಿ ಉಳಿಯುವುದಿಲ್ಲ. ಅದಕ್ಕೆ ಸೇತುವೆಯೇ ಬೇಕು.

ವಿರೋಧ: ಅವಸರ ಮಾಡಿದರು

ಮೋಸ್ತಾರಿನಲ್ಲೇ ಇನ್ನೊಂದು ಪುಟ್ಟ ಸೇತುವೆ ಇದೆ, ಕ್ರಿವಾ ಚುಪ್ರಿಯಾ ಅಂತ. ದೊಡ್ಡದಕ್ಕಿಂತ ಕೆಲವು ವರ್ಷ ಹಳೆಯದು. ಅದು ಯುದ್ಧದಲ್ಲಿ ಉಳಿದುಕೊಂಡು 1999ರ ಕೊನೆಯಲ್ಲಿ ನೆರೆಗೆ ಕೊಚ್ಚಿಹೋಯಿತು. ಅದನ್ನು ಮತ್ತೆ ಕಟ್ಟಿದ್ದಕ್ಕೆ ನನ್ನ ತಕರಾರಿಲ್ಲ. ಹೊಳೆಗೆ ಯಾರ ಮೇಲೂ ದ್ವೇಷವಿಲ್ಲ, ಹೊಳೆ ಯಾರಿಗೂ ಲೆಕ್ಕ ಕೊಡಬೇಕಿಲ್ಲ. ಕಿಂತಾಯ್ ಸೇತುವೆಯದೂ ಹಾಗೇ. ಪೆರುವಿನ ಹಗ್ಗದ ಸೇತುವೆಯನ್ನಂತೂ ದಾಟುವ ಜನರೇ ಸೇರಿ ಹೆಣೆಯುತ್ತಾರೆ.

ಹಳೇ ಸೇತುವೆಯ ವಿಷಯ ಬೇರೆ. ಅದಕ್ಕೆ ಗುರಿಯಿಟ್ಟು ಹೊಡೆದರು. ಒಂದೇ ಊರಲ್ಲಿ ಅಕ್ಕಪಕ್ಕ ಬದುಕಿದವರ ನಡುವಿನ ಯುದ್ಧದಲ್ಲಿ ಹೊಡೆದರು. ಆ ಕೆಲಸವನ್ನು ಏನಂತ ಕರೆಯಬೇಕು ಅನ್ನುವುದು ಹೇಗ್ ನಗರದ ಅಂತರರಾಷ್ಟ್ರೀಯ ಯುದ್ಧಾಪರಾಧ ನ್ಯಾಯಾಲಯದಲ್ಲೂ ಒಂದೇ ಸಲಕ್ಕೆ ತೀರಲಿಲ್ಲ. 2013ರ ತೀರ್ಪು ಅದನ್ನು ಅಪರಾಧ ಅಂದಿತು. 2017ರ ಮೇಲ್ಮನವಿಯಲ್ಲಿ ಸೇತುವೆ ಸೇನಾ ಗುರಿಯಾಗಿತ್ತು ಅಂತ ಹೇಳಿ ಆ ಭಾಗವನ್ನು ಬದಲಿಸಿದರು. ಇನ್ನೂ ಬಗೆಹರಿಯದ ಇಂಥ ವಿಷಯದ ಮೇಲೆ 2004ರಲ್ಲೇ ಹೊಸ ಕಲ್ಲು ಕೂರಿಸಿ, ವಿದೇಶಿ ಗಣ್ಯರನ್ನು ಕರೆದು, ಪಟಾಕಿ ಸಿಡಿಸಿದರು.

ಹಣ ಬಂದದ್ದು ವಿಶ್ವ ಬ್ಯಾಂಕಿನಿಂದ, ಟರ್ಕಿ, ಇಟಲಿ, ನೆದರ್ಲೆಂಡ್ಸ್, ಕ್ರೊಯೇಷಿಯಾದಿಂದ. ಯುನೆಸ್ಕೊ ಮುಂದೆ ನಿಂತಿತು. ಕೆಲಸ ಮಾಡಿದ್ದು ಟರ್ಕಿಯ ಕಂಪನಿ. ಕ್ರೊಯೇಷಿಯಾ ಹಣ ಕೊಟ್ಟದ್ದು ಸಣ್ಣ ವಿಷಯವಲ್ಲ, ಒಪ್ಪುತ್ತೇನೆ. ಆದರೂ ಫ್ಲಾರೆನ್ಸಿಗೂ ಇಲ್ಲಿಗೂ ವ್ಯತ್ಯಾಸವಿದೆ. ಅಲ್ಲಿ ಒಡೆದವರು ಊರು ಬಿಟ್ಟು ಹೋಗುತ್ತಿದ್ದ ಪರದೇಶದ ಸೇನೆ, ಉಳಿದವರು ಒಗ್ಗಟ್ಟಾಗಿ ಕಟ್ಟಿದರು. ಇಲ್ಲಿ ಎರಡೂ ಕಡೆಯವರು ಇದ್ದಲ್ಲೇ ಇದ್ದಾರೆ, ಮಾತು ಮಾತ್ರ ಇಲ್ಲ.

ಹೊರಗಿನವರಿಗೆ ಗೊತ್ತಿಲ್ಲದ ಒಂದು ಸಂಗತಿ ಇದೆ, ನನ್ನ ಪ್ರಕಾರ ಇದೇ ಎಲ್ಲಕ್ಕಿಂತ ಮುಖ್ಯ. ಆ ಸೇತುವೆ ಬೋಸ್ನಿಯಾಕ್ ಮುಸ್ಲಿಮರನ್ನೂ ಕ್ರೊವಾಟರನ್ನೂ ಜೋಡಿಸುವ ಗೆರೆಯ ಮೇಲೆ ಇಲ್ಲವೇ ಇಲ್ಲ! ಅದರ ಎರಡೂ ತುದಿ ಯುದ್ಧದಲ್ಲಿ ಬೋಸ್ನಿಯಾಕರ ಕೈಯಲ್ಲೇ ಇದ್ದವು. ಊರು ಸೀಳಿದ್ದು ಇನ್ನೂ ಪಶ್ಚಿಮಕ್ಕೆ, ಬುಲೆವಾರ್ಡ್ ಅನ್ನುವ ಬೀದಿಯಲ್ಲಿ. ಸೇತುವೆ ತಲೆ ಎತ್ತಿದಮೇಲೂ ಆ ಬೀದಿಯಲ್ಲಿ ಗುಂಡಿನ ತೂತು ಬಿದ್ದ ಕಟ್ಟಡಗಳು ಎಷ್ಟೋ ವರ್ಷ ಹಾಗೇ ನಿಂತಿದ್ದವು. ಅಲ್ಲೇ ಹತ್ತಿರದ ದೊಡ್ಡ ಹೈಸ್ಕೂಲಿನಲ್ಲಿ ಒಂದೇ ಸೂರಿನಡಿ ಎರಡು ಪಠ್ಯಕ್ರಮ, ಕ್ರೊವಾಟ್ ಮಕ್ಕಳಿಗೆ ಒಂದು, ಬೋಸ್ನಿಯಾಕ್ ಮಕ್ಕಳಿಗೆ ಇನ್ನೊಂದು. ನಗರಸಭೆ ಕಥೆಯಂತೂ ಎತ್ತು ಏರಿಗೆ ಎಳೆದರೆ ಕೋಣ ನೀರಿಗೆ ಎಳೆಯಿತು ಅನ್ನುವ ಹಾಗೆ. 2008ರಲ್ಲಿ ಚುನಾವಣೆ ಆದಮೇಲೆ ಮತ್ತೆ ಆದದ್ದು 2020ರ ಡಿಸೆಂಬರ್‌ನಲ್ಲಿ.

2005ರಲ್ಲಿ ಯುನೆಸ್ಕೊ ಆ ಪ್ರದೇಶವನ್ನು ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿತು. ಆಗ ಒತ್ತುಕೊಟ್ಟಿದ್ದು ಹಳೇ ಕಟ್ಟಡದ ಲೆಕ್ಕಕ್ಕೆ ಅಲ್ಲ, ಅದು ಸಂಧಾನದ, ಸಹಬಾಳ್ವೆಯ ಗುರುತು ಅನ್ನುವ ಅರ್ಥಕ್ಕೆ. ಸಂಧಾನವೇ ಆಗದ ಊರಿಗೆ ಸಂಧಾನದ ಸರ್ಟಿಫಿಕೇಟ್ ಕೊಟ್ಟರು, ಅಲ್ವಾ? ಬಂದ ಪ್ರವಾಸಿ ಫೋಟೊ ತೆಗೆಸಿಕೊಂಡು, ಜಿಗಿಯುವವನಿಗೆ ದುಡ್ಡು ಕೊಟ್ಟು, ಎಲ್ಲ ಸರಿಹೋಯಿತು ಅಂದುಕೊಂಡು ಬಸ್ ಹತ್ತುತ್ತಾನೆ. ಸೇತುವೆ ಪಕ್ಕದಲ್ಲಿ ‘93 ಮರೆಯಬೇಡಿ’ ಅಂತ ಇಂಗ್ಲಿಷಿನಲ್ಲಿ ಬರೆದ ಒಂದು ಕಲ್ಲಿದೆ. ಹಳೇ ಸೇತುವೆಯನ್ನೇ ತಿರುಗಿ ನಿಲ್ಲಿಸಿ, ಮರೆಯಬೇಡಿ ಅನ್ನುವ ಕೆಲಸವನ್ನು ಆ ಪುಟ್ಟ ಕಲ್ಲಿಗೆ ವಹಿಸಿದ್ದಾರೆ.

ಮುರಿದ ಸೇತುವೆಯೂ ಮಾತಾಡುತ್ತದೆ. ಹಂಪಿಯಲ್ಲಿ ವಿಠ್ಠಲ ದೇವಸ್ಥಾನದ ಹತ್ತಿರ ತುಂಗಭದ್ರೆಯೊಳಗೆ ಹಳೇ ಸೇತುವೆಯ ಕಲ್ಲುಕಂಬಗಳು ಸಾಲಾಗಿ ನಿಂತಿವೆ. ಮೇಲೆ ಹಾಸಿಲ್ಲ, ದಾಟಲು ಆಗುವುದಿಲ್ಲ. ಆದರೆ ಅವನ್ನು ನೋಡಿದವರಿಗೆ ಇಲ್ಲಿ ಎಂಥ ಊರಿತ್ತು, ಏನು ಹೋಯಿತು ಅಂತ ಬೇರೆ ಯಾರೂ ಹೇಳಬೇಕಾಗಿಲ್ಲ.

ಮೋಸ್ತಾರಿನಲ್ಲಿ ನದಿ ದಾಟಲು ಆ ಹೊತ್ತಿಗೆ ತೂಗುಸೇತುವೆ ಹಾಕಿದ್ದರು. ಅದನ್ನೇ ಗಟ್ಟಿ ಮಾಡಬಹುದಿತ್ತು. ಎರಡು ದಂಡೆಯ ಗೋಪುರಗಳ ನಡುವೆ ಮುರಿದ ಕಮಾನಿನ ತುದಿಗಳನ್ನು ಹಾಗೇ ಬಿಟ್ಟು, ಮೊದಲು ಬುಲೆವಾರ್ಡಿನ ಮನೆಗಳನ್ನು ರಿಪೇರಿ ಮಾಡಿಸಬಹುದಿತ್ತು, ಹೈಸ್ಕೂಲಿನ ಮಕ್ಕಳನ್ನು ಒಂದೇ ಬೆಂಚಿನಲ್ಲಿ ಕೂರಿಸಬಹುದಿತ್ತು. ಹೊಸ ಕಮಾನು ಬೇಕಾ, ಬೇಕಿದ್ದರೆ ಎಂಥದ್ದು ಅಂತ ಆ ಮಕ್ಕಳೇ ದೊಡ್ಡವರಾದಮೇಲೆ ತೀರ್ಮಾನ ಮಾಡುತ್ತಿದ್ದರು. ಕಲ್ಲಿನ ಗಣಿ ಊರ ಪಕ್ಕದಲ್ಲೇ ಇದೆ.